ಟೋಕಿಯೋದ ನದಿ ಯಾವುದು ಅಂತ ಕೇಳುವವರಿಗೆ

ಜಪಾನಿನ ಬಗ್ಗೆ ಬರೆದಾಗಲೆಲ್ಲ ಈ ಪ್ರಶ್ನೆ ಬಂದೇ ಬರುತ್ತದೆ. ಲಂಡನ್ನಿಗೆ ಥೇಮ್ಸ್ ಇದೆ, ಪ್ಯಾರಿಸ್ಸಿಗೆ ಸೇನ್ ಇದೆ, ಟೋಕಿಯೋಗೆ ಯಾವ ನದಿ? ಹೆಚ್ಚಿನವರು ‘ಸುಮಿದಾ ಅಲ್ವಾ?’ ಅಂತ ತಾವೇ ಸೇರಿಸುತ್ತಾರೆ. ಅಸಾಕುಸಾ ದೇವಸ್ಥಾನ ನೋಡಿ ದೋಣಿ ಹತ್ತಿದವರ ಕಣ್ಣಿಗೆ ಬೀಳುವುದು ಅದೇ ತಾನೇ.

ನನ್ನ ಉತ್ತರ ತೊನೆ. ಅದು ಟೋಕಿಯೋ ಒಳಗೆ ಹರಿಯುವುದಿಲ್ಲ, ಆದರೂ ಅದೇ.

ಗುನ್ಮಾ ಮತ್ತು ನೀಗಾತಾ ಪ್ರಾಂತ್ಯಗಳ ಗಡಿಯ ಓಮಿನಾಕಾಮಿ ಬೆಟ್ಟದಲ್ಲಿ ಹುಟ್ಟುವ ತೊನೆ 322 ಕಿ.ಮೀ. ಹರಿದು, ಟೋಕಿಯೋದಿಂದ ಪೂರ್ವಕ್ಕೆ ಸುಮಾರು 100 ಕಿ.ಮೀ. ದೂರದ ಚೋಶಿಯಲ್ಲಿ ಪೆಸಿಫಿಕ್ ಸಾಗರ ಸೇರುತ್ತದೆ. ಉದ್ದದಲ್ಲಿ ಶಿನಾನೋ ನದಿಯೇ ಮುಂದು, 367 ಕಿ.ಮೀ. ಆದರೆ ನೀರು ಕೂಡಿಬರುವ ಜಾಗದ ಲೆಕ್ಕದಲ್ಲಿ ತೊನೆಗೆ ಜಪಾನಿನಲ್ಲಿ ಸಾಟಿಯಿಲ್ಲ: 16,840 ಚದರ ಕಿ.ಮೀ.

ಈ ನದಿ ಮೊದಲು ಚೋಶಿ ಕಡೆ ಹೋಗುತ್ತಲೇ ಇರಲಿಲ್ಲ. ದಕ್ಷಿಣಕ್ಕೆ ಇಳಿದು, ಈಗಿನ ಟೋಕಿಯೋದ ಪೂರ್ವ ಭಾಗದಲ್ಲಿ ಹಾದು, ಆಗ ಎದೊ ಕೊಲ್ಲಿ ಎನ್ನುತ್ತಿದ್ದ ಟೋಕಿಯೋ ಕೊಲ್ಲಿಗೆ ಸೇರುತ್ತಿತ್ತು. ಮುಂದೆ ಶೋಗನ್ ಆಗಿ ಜಪಾನನ್ನು ಆಳಿದ ತೊಕುಗಾವಾ ಇಯೆಯಾಸು 1590ರಲ್ಲಿ ಎದೊಗೆ (ಟೋಕಿಯೋದ ಹಳೇ ಹೆಸರು) ಬಂದು ನೆಲೆಸಿದ ಮೇಲೆ ಅದನ್ನು ಪೂರ್ವಕ್ಕೆ ತಿರುಗಿಸುವ ಕೆಲಸ ಶುರುವಾಯಿತು. 1594ರಲ್ಲಿ ಒಂದು ಕವಲನ್ನು ಮುಚ್ಚಿದರು. 1621ರಲ್ಲಿ ಹೊಸ ಕಾಲುವೆ ತೋಡಲು ಹಿಡಿದರು, ಅದು ಸಾಲದೆ ಮತ್ತೆ ಆಳ ಮಾಡಿದರು. ಕೊನೆಗೆ 1654ರಲ್ಲಿ ತೊನೆಯ ನೀರು ಚೋಶಿ ಕಡೆಯ ಹಿತಾಚಿ ನದಿಯ ಪಾತ್ರಕ್ಕೆ ಸರಿಯಾಗಿ ಹರಿಯಿತು. ಅರವತ್ತು ವರ್ಷದ ಈ ಕೆಲಸದಲ್ಲಿ ಇನಾ ಮನೆತನದ ಅಧಿಕಾರಿಗಳ ಪಾತ್ರ ದೊಡ್ಡದು. ಯಂತ್ರ ಇಲ್ಲ, ಗುದ್ದಲಿ ಬುಟ್ಟಿಗಳೇ ಎಲ್ಲ.

ಯಾಕೆ ಮಾಡಿದರು? ಪ್ರವಾಹ ತಡೆಯಲು, ಭತ್ತದ ಗದ್ದೆ ಹೆಚ್ಚಿಸಲು, ಉತ್ತರದ ಸಾಮಂತರಿಂದ ರಕ್ಷಣೆಗೆ, ದೋಣಿ ಸಾಗಾಟಕ್ಕೆ ಅಂತ ಇತಿಹಾಸಕಾರರು ಇವತ್ತಿಗೂ ವಾದ ಮಾಡುತ್ತಾರೆ. ನನಗೆ ದೋಣಿಯ ಕಾರಣವೇ ಜಾಸ್ತಿ ಒಪ್ಪಿಗೆ. ಉತ್ತರದಿಂದ ಅಕ್ಕಿ ತರುವ ಹಡಗುಗಳು ಬೋಸೋ ಪರ್ಯಾಯ ದ್ವೀಪವನ್ನು ಸುತ್ತಿ ಬರಬೇಕಿತ್ತು, ಅಲ್ಲಿನ ಕಡಲು ಬಹಳ ಒರಟು. ಹೊಸ ದಾರಿಯಾದ ಮೇಲೆ ಸರಕನ್ನು ಚೋಶಿಯಲ್ಲೇ ನದಿ ದೋಣಿಗೆ ಇಳಿಸಿ, ತೊನೆಯಲ್ಲಿ ಮೇಲೆ ಸೆಕಿಯಾದೋವರೆಗೆ ಬಂದು, ಅಲ್ಲಿಂದ ಎದೊ ನದಿಯಲ್ಲಿ ಕೆಳಗಿಳಿದರೆ ನೇರ ಎದೊ ನಗರ. ಚೋಶಿ ಮತ್ತು ನೋದಾ ಸೋಯಾ ಸಾಸ್‌ಗೆ ಹೆಸರಾಗಿದ್ದು ಈ ನೀರ ದಾರಿಯಿಂದಲೇ. ಜಪಾನಿನ ನಕ್ಷೆ ಅಳೆದು ಬರೆದ ಇನೋ ತದಾತಾಕಾ ವ್ಯಾಪಾರ ಮಾಡಿಕೊಂಡಿದ್ದ ಸಾವಾರಾ ಕೂಡ ಇದೇ ದಡದ ಪೇಟೆ.

ಆದರೆ ನದಿಯನ್ನು ತಿರುಗಿಸಿದ ಮಾತ್ರಕ್ಕೆ ನೆಲದ ಇಳಿಜಾರು ಬದಲಾಗುವುದಿಲ್ಲ. 1783ರಲ್ಲಿ ಅಸಾಮಾ ಜ್ವಾಲಾಮುಖಿ ಸಿಡಿದಾಗ ಕೆಸರು, ಬಂಡೆ, ಹೆಣಗಳೆಲ್ಲ ಅಗಾತ್ಸುಮಾ ಉಪನದಿಯ ಮೂಲಕ ತೊನೆಗೆ ಬಂದವು. ತಳ ಮೇಲೆದ್ದು, ಮೂರೇ ವರ್ಷದಲ್ಲಿ ದೊಡ್ಡ ನೆರೆ ಬಂತು. ಇನ್ನು 1947ರ ಕ್ಯಾಥ್ಲೀನ್ ಚಂಡಮಾರುತ. ಸೆಪ್ಟೆಂಬರ್ 16ರ ನಡುರಾತ್ರಿ ಸೈತಾಮಾದ ಹಿಗಾಶಿ ಹಳ್ಳಿಯ ಬಳಿ ತೊನೆಯ ಏರಿ ಒಡೆಯಿತು. ನೀರು ಎಲ್ಲಿಗೆ ಹೋಯಿತು ಗೊತ್ತಾ? ಮುನ್ನೂರು ವರ್ಷದ ಹಿಂದೆ ಬಿಟ್ಟ ಹಳೇ ದಾರಿಯಲ್ಲೇ ದಕ್ಷಿಣಕ್ಕೆ ನಡೆದು, ಕೆಲವು ದಿನಗಳಲ್ಲಿ ಟೋಕಿಯೋದ ಕಾತ್ಸುಶಿಕಾ, ಎದೊಗಾವಾ ಭಾಗಗಳನ್ನು ಮುಳುಗಿಸಿತು. ಆ ಚಂಡಮಾರುತಕ್ಕೆ ಜಪಾನಿನಲ್ಲಿ ಸಾವಿರಕ್ಕೂ ಹೆಚ್ಚು ಜನ ಸತ್ತರು.

ಟೋಕಿಯೋವನ್ನು ಉಳಿಸಲು ಬೇರೆ ಊರುಗಳು ತೆತ್ತ ಬೆಲೆಯನ್ನು ನಾನು ಬಿಟ್ಟು ಹೇಳಲಾರೆ. ಉಪನದಿ ವಾತಾರಾಸೆಗೆ ಅಶಿಯೋ ತಾಮ್ರದ ಗಣಿಯ ವಿಷ ಸೇರಿ, ನೆರೆಯೊಂದಿಗೆ ಹರಡಿ ಗದ್ದೆಗಳು ಹಾಳಾದವು. ಸಂಸದರಾಗಿದ್ದ ತನಾಕಾ ಶೋಜೋ 1901ರಲ್ಲಿ ಚಕ್ರವರ್ತಿಯ ಗಾಡಿಯತ್ತ ಮನವಿ ಪತ್ರ ಹಿಡಿದು ಓಡಿದರು. ಸರ್ಕಾರ ಮಾಡಿದ್ದೇನು? ಯಾನಾಕಾ ಎಂಬ ಹಳ್ಳಿಯನ್ನೇ ಎಬ್ಬಿಸಿ ನೆರೆ ನೀರು ನಿಲ್ಲುವ ಜಾಗ ಮಾಡಿತು. ಈಗ ಅದು ಹಕ್ಕಿಗಳಿಗೆ ಹೆಸರಾದ ಸುಮಾರು 33 ಚದರ ಕಿ.ಮೀ. ಜೊಂಡಿನ ಬಯಲು. 1947ರ ನೆರೆಯ ನಂತರ ಯೋಚಿಸಿದ ಯಾಂಬಾ ಅಣೆಕಟ್ಟು ಮುಗಿದಿದ್ದು 2020ರಲ್ಲಿ, ಅದಕ್ಕೂ ಕಾವಾರಾಯು ಎಂಬ ಬಿಸಿನೀರ ಬುಗ್ಗೆಯ ಊರು ಜಾಗ ಬಿಡಬೇಕಾಯಿತು.

ಅಟ್ಟಿದ ನದಿಯನ್ನು ಟೋಕಿಯೋ ಆಮೇಲೆ ಪೈಪಿನಲ್ಲಿ ವಾಪಸ್ ಕರೆಸಿಕೊಂಡಿತು. 1964ರ ಒಲಿಂಪಿಕ್ಸ್ ವರ್ಷ ನಲ್ಲಿಗಳು ಒಣಗಿದ್ದವು. ಮುಸಾಶಿ ಕಾಲುವೆ ತೋಡಿ, 1968ರಲ್ಲಿ ತೊನೆಗೆ ದೊಡ್ಡ ಒಡ್ಡು ಕಟ್ಟಿ ಮುಗಿಸಿ, ನೀರನ್ನು ಟೋಕಿಯೋ ಕಡೆ ಹರಿಯುವ ಅರಾ ನದಿಗೆ ತಿರುಗಿಸಿದರು. ಇವತ್ತು ಟೋಕಿಯೋ ನಲ್ಲಿ ನೀರಿನ ಸುಮಾರು 80% ತೊನೆ ಮತ್ತು ಅರಾ ನದಿಗಳದ್ದು. ಹೀಗಿರುವಾಗ ಸುಮಿದಾ ಹೆಸರು ಹೇಳಲು ನನಗೆ ಮನಸ್ಸು ಬರುವುದಿಲ್ಲ.

ನೋಡಬೇಕು ಅನ್ನುವವರು ಟೋಕಿಯೋದ ಉಎನೊ ನಿಲ್ದಾಣದಿಂದ ಉತ್ಸುನೊಮಿಯಾ ಮಾರ್ಗದ ರೈಲು ಹತ್ತಿ. ಸುಮಾರು ಒಂದು ಗಂಟೆಯಲ್ಲಿ ಕುರಿಹಾಶಿ ಬರುತ್ತದೆ, ಅದು ದಾಟಿದ ಕೂಡಲೇ ಸಿಗುವ ಸೇತುವೆಯ ಕೆಳಗಿರುವುದೇ ತೊನೆ. 1947ರಲ್ಲಿ ಏರಿ ಒಡೆದ ಜಾಗ ಅಲ್ಲಿಂದ ಸ್ವಲ್ಪ ಮೇಲಕ್ಕೆ, ಈಗಿನ ಕಾಜೋ ನಗರದಲ್ಲಿದೆ. ಆ ಚಂಡಮಾರುತದ ಹೆಸರಲ್ಲೇ ಅಲ್ಲೊಂದು ಪಾರ್ಕ್ ಮಾಡಿದ್ದಾರೆ.