ಬಾಣೆ ಕೇಸಿನ ಫೈಲು ಮತ್ತು ಇಲ್ಲದ ತೀರ್ಪುಗಳು

ಮಡಿಕೇರಿ, 28 ಮಾರ್ಚ್ 2025, ಶುಕ್ರವಾರ

ಸಂಜೆ ಆರೂವರೆ. ನಮ್ಮ ವಕೀಲರ ಆಫೀಸಿನಲ್ಲಿ ಒಬ್ಬಳೇ ಇದ್ದೇನೆ. ಎದುರಿಗೆ ಶನಿವಾರಸಂತೆ ಕಡೆಯ ಅವ್ವನ ಫೈಲು. ಬಾಣೆ, ಅಂದರೆ ಗದ್ದೆಗೆ ಸೇರಿದ ಎತ್ತರದ ಜಾಗದ ಪಾಲಿನ ದಾವೆ. ತಾಲೂಕು ಕೋರ್ಟಿನಲ್ಲಿ ಸೋತು ಇಲ್ಲಿ ಜಿಲ್ಲಾ ಕೋರ್ಟಿಗೆ ಅಪೀಲು ಹಾಕಿದ್ದಾರೆ.

ಬೆಳಿಗ್ಗೆ ಬಸ್ಸಿಳಿದವರು ನೇರ ಇಲ್ಲಿಗೇ ಬಂದರು. ಮೊಮ್ಮಗ ಪೇಪರ್ ಓದಿ ಹೇಳಿದ್ದನಂತೆ. ಕೂರುವ ಮೊದಲೇ ಕೇಳಿದರು: “ಬೆಂಗಳೂರಲ್ಲಿ ಜಡ್ಜೊಬ್ರೇ ಇಲ್ಲದ ತೀರ್ಪು ತೋರಿಸಿ ಆರ್ಡರ್ ಬರ್ದಿದಾರಂತೆ. ನನ್ ಕೇಸಲ್ಲೂ ಹಂಗೇ ಆಗಿದ್ರೆ ನಾನ್ ಎಲ್ಲಿಗ್ ಹೋಗ್ಲಿ ಮಗಾ?”

ಸುದ್ದಿ ನಿಜವೇ. ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟಿನ ನ್ಯಾಯಾಧೀಶರೊಬ್ಬರು ವಾಣಿಜ್ಯ ವ್ಯಾಜ್ಯವೊಂದರಲ್ಲಿ, ದಾವೆ ತಮ್ಮ ಕೋರ್ಟಿನಲ್ಲೇ ನಡೆಯಬಹುದು ಎನ್ನಲು ಸುಪ್ರೀಂ ಕೋರ್ಟಿನ ತೀರ್ಪುಗಳನ್ನು ಹೆಸರಿಸಿದ್ದರು. ಅಂಥ ತೀರ್ಪುಗಳೇ ಇಲ್ಲ. ನಾವು ಅವನ್ನು ಕೊಟ್ಟಿಲ್ಲ ಎಂದು ವಾದಿ ಪರ ವಕೀಲರೂ ಹೈಕೋರ್ಟಿಗೆ ಹೇಳಿದರು. ಹೈಕೋರ್ಟಿನ ನ್ಯಾಯಮೂರ್ತಿ ಆರ್. ದೇವದಾಸ್ ಆ ಆದೇಶವನ್ನು ರದ್ದುಪಡಿಸಿ, ಹೆಚ್ಚಿನ ತನಿಖೆ ಆಗಬೇಕೆಂದು ವಿಷಯವನ್ನು ಮುಖ್ಯ ನ್ಯಾಯಮೂರ್ತಿಗಳ ಮುಂದಿಡಲು ಹೇಳಿದ್ದಾರೆ. ಸಂವಿಧಾನದ 235ನೇ ವಿಧಿಯಂತೆ ಕೆಳಗಿನ ಕೋರ್ಟುಗಳ ಮೇಲಿನ ಹಿಡಿತ ಹೈಕೋರ್ಟಿನದೇ. ಸರ್ಕಾರ ಇದರಲ್ಲಿ ಕೈ ಹಾಕುವಂತಿಲ್ಲ. ಅದು ಹಾಗೆಯೇ ಇರಬೇಕು ಎಂದು ನಾನು ಗಟ್ಟಿಯಾಗಿ ನಂಬುತ್ತೇನೆ.

ಅವ್ವನಿಗೆ ಇಷ್ಟೆಲ್ಲ ಹೇಳಲಿಲ್ಲ. ಅವರ ತೀರ್ಪಿನ ನಕಲು ತೆಗೆದು ತೋರಿಸಿದೆ. “ಇಲ್ಲಿ ಜಡ್ಜ್ ಸಾಹೇಬ್ರು ನಿಮ್ಮ ವಂಶಪಾರಂಪರ್ಯದ ಜಮ್ಮಾ ಭೂಮಿ ದಾಖಲೆಯನ್ನ ತಪ್ಪಾಗಿ ಓದಿದ್ದಾರೆ ಅಂತ ನಮ್ಮ ವಾದ ಅವ್ವಾ. ಮನುಷ್ಯರು ಓದುವಾಗ ತಪ್ಪುತ್ತೆ, ಅದಕ್ಕೇ ಅಪೀಲು ಇರೋದು. ಇಲ್ಲದ್ದನ್ನ ಇದೆ ಅಂತ ಬರೆಯೋದು ಬೇರೆ.” ಅವರು ತಲೆಯಾಡಿಸಿದರು. ಪೂರ್ತಿ ಒಪ್ಪಿದಂತೆ ಕಾಣಲಿಲ್ಲ. ಹನ್ನೊಂದು ವರ್ಷ ಅಲೆದವರು, ಹೇಗೆ ಒಪ್ಪಿಯಾರು?

ಮಧ್ಯಾಹ್ನ ನಮ್ಮ ಸೀನಿಯರ್ ವಕೀಲರ ಹತ್ತಿರ ಇದೇ ಮಾತು ಬಂತು. ಅವರಿಗೆ ಇನ್ನೊಂದು ಚಿಂತೆ. ಪ್ರತಿ ತಪ್ಪು ಆದೇಶಕ್ಕೂ ವಿಚಾರಣೆ ಅಂತಾದರೆ ತಾಲೂಕಿನ ಚಿಕ್ಕ ಪ್ರಾಯದ ಜಡ್ಜುಗಳು ಬೇಲ್ ಕೊಡುವುದಕ್ಕೂ ಹೆದರುತ್ತಾರೆ ಎಂದರು. 2019ರ ಕೃಷ್ಣಪ್ರಸಾದ್ ವರ್ಮಾ ಪ್ರಕರಣ ನೆನಪಿಸಿದರು. ಬಿಹಾರದ ಆ ನ್ಯಾಯಾಧೀಶರ ವಿರುದ್ಧದ ಶಿಸ್ತುಕ್ರಮವನ್ನು ರದ್ದು ಮಾಡುತ್ತ ಸುಪ್ರೀಂ ಕೋರ್ಟು, ಆದೇಶ ತಪ್ಪಾಗಿದೆ ಎಂಬ ಒಂದೇ ಕಾರಣಕ್ಕೆ ಕ್ರಮ ಕೂಡದು, ದುರುದ್ದೇಶವೋ ಬಾಹ್ಯ ಪ್ರಭಾವವೋ ಇದ್ದರೆ ಮಾತ್ರ ಎಂದಿತ್ತು. ಸೀನಿಯರ್ ಹೇಳಿದ್ದು ಸರಿ. ಈ ಬೆಂಗಳೂರಿನ ನ್ಯಾಯಾಧೀಶರ ವಿವರಣೆಯನ್ನೂ ಕೇಳಲೇಬೇಕು, ಅವರ ಪಾಲಿಗೆ ಇದಿನ್ನೂ ಆರೋಪ. ಆದರೆ “ಸರ್, ಹಾಗಂತ ಬಿಡೋಕೂ ಆಗಲ್ಲ” ಎಂದೆ. ಸೋತವರ ಕೈಗೆ ಕೊನೆಗೆ ಸಿಗುವುದು ಆ ನಕಲೊಂದೇ. ಅದರಲ್ಲಿ ಬರೆದ ಕಾರಣವೇ ಸುಳ್ಳಾದರೆ ಅವರು ಅಪೀಲಿನಲ್ಲಿ ಯಾವುದನ್ನು ಪ್ರಶ್ನಿಸಬೇಕು?

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಹಾಗಾದ್ರೆ ನಮ್ಮ ಅಪೀಲು ಮೆಮೋದಲ್ಲಿ ಹೆಸರಿಸಿರೋ ತೀರ್ಪುಗಳನ್ನೆಲ್ಲ ಇವತ್ತೇ ತೆಗೆದು ನೋಡು” ಎಂದರು.

ಅದಕ್ಕೇ ಇನ್ನೂ ಕೂತಿದ್ದೇನೆ. ಒಟ್ಟು ಆರು. ಐದು ಸರಿಯಾಗಿವೆ, ಪ್ಯಾರಾ ಸಮೇತ ಓದಿದೆ. ಆರನೆಯದರ ವರ್ಷ ತಪ್ಪು. ಹಳೇ ಮೆಮೋದಿಂದ ಇಳಿಸಿಕೊಂಡವಳು ನಾನೇ, ಮೂಲ ನೋಡಿರಲಿಲ್ಲ. ಸರಿಯಾದ ವರ್ಷದ ತೀರ್ಪುಗಳ ಸಂಪುಟ ನಮ್ಮಲ್ಲಿಲ್ಲ. ಸೋಮವಾರ ವಕೀಲರ ಸಂಘದ ಲೈಬ್ರರಿಯಲ್ಲಿ ಹುಡುಕಬೇಕು. ಸಿಗುವವರೆಗೆ ಆ ಸಾಲನ್ನು ಮೆಮೋದಿಂದ ಹೊಡೆದುಹಾಕಿದ್ದೇನೆ.