ನಮ್ಮ ಕುಸ್ತಿ ಕೊಠಡಿಯಲ್ಲಿ ಐರನ್ ಶೀಕ್

ಬೆಂಗಳೂರಿನ ಬಡಾವಣೆಗಳಿಗೆ ಕೇಬಲ್ ಟಿ.ವಿ. ಬಂದ ಹೊಸತು. ಜತೆಗೆ ಅಮೆರಿಕದ ವೃತ್ತಿ ಕುಸ್ತಿಯ ಪ್ರದರ್ಶನ ಡಬ್ಲ್ಯುಡಬ್ಲ್ಯುಎಫ್ ಕೂಡ ಬಂದಿತ್ತು. ಮನೆಯಲ್ಲಿ ತಮ್ಮಂದಿರ ಕೈಯಲ್ಲಿ ಟ್ರಂಪ್ ಕಾರ್ಡು, ಕಾಲೇಜಿನ ಕ್ಯಾಂಟೀನಿನಲ್ಲಿ ದಿನವೂ ಒಂದೇ ಮಾತು: ‘ಅದೆಲ್ಲಾ ಡೂಪು ಕಣೋ!’ ಮೈದಾನದ ಪಕ್ಕದ ಕುಸ್ತಿ ಕೊಠಡಿಯಲ್ಲಿ ಮಾತ್ರ ಬೇರೆ ಚರ್ಚೆ ನಡೆಯುತ್ತಿತ್ತು. ಅಲ್ಲಿಗೆ ಬರುತ್ತಿದ್ದವರಲ್ಲಿ ಹೆಚ್ಚಿನವರು ಪೇಟೆ ಕಡೆಯ ಗರಡಿಗಳಲ್ಲಿ ಮಣ್ಣು ಮುಟ್ಟಿದ ಹುಡುಗರು. ನಮ್ಮ ಪಿ.ಟಿ. ಮೇಷ್ಟ್ರು ಅವರಿಗೆ ಹೇಳುತ್ತಿದ್ದುದು ಇಷ್ಟೇ: ‘ಗೆಲ್ಲೋನನ್ನ ಆಮೇಲೆ ನೋಡಿ, ಮೊದಲು ಆಟ ನಡೆಸ್ತಿರೋನು ಯಾರು ನೋಡಿ.’ ಹಾಗೆ ನೋಡಲು ಶುರುಮಾಡಿದವರಿಗೆಲ್ಲ ಆ ಪ್ರದರ್ಶನದಲ್ಲಿ ಖಳನ ವೇಷ ಹಾಕುತ್ತಿದ್ದ ಐರನ್ ಶೀಕ್ ಗುರುವಾಗಿಬಿಟ್ಟ.

ಆತನ ನಿಜವಾದ ಹೆಸರು ಹೊಸೇನ್ ಖೋಸ್ರೋ ಅಲಿ ವಜೀರಿ. ಹುಟ್ಟಿದ್ದು 1942ರಲ್ಲಿ, ಇರಾನಿನ ದಾಮ್ಘಾನ್‌ನಲ್ಲಿ. ಸಿನಿಮಾ ಖಳನಂತೆ ವೇಷ ತೊಟ್ಟು ಕುಸ್ತಿಗೆ ಬಂದವನಲ್ಲ, ಕುಸ್ತಿಯಲ್ಲಿ ಪಳಗಿದ ಮೇಲೆ ವೇಷ ತೊಟ್ಟವನು. ಇರಾನಿನ ಒಲಿಂಪಿಕ್ ಕುಸ್ತಿ ಚಾಂಪಿಯನ್ ಗುಲಾಮ್‌ರೆಜಾ ತಖ್ತಿ 1968ರಲ್ಲಿ ತೀರಿಕೊಂಡ ನಂತರ ಇರಾನ್ ಬಿಟ್ಟು ಅಮೆರಿಕಕ್ಕೆ ಹೋದ. 1971ರಲ್ಲಿ ಅಲ್ಲಿನ ಹವ್ಯಾಸಿ ಕ್ರೀಡಾ ಒಕ್ಕೂಟ ಎಎಯು ನಡೆಸುವ ಗ್ರೀಕೋ-ರೋಮನ್ ಕುಸ್ತಿಯಲ್ಲಿ ರಾಷ್ಟ್ರೀಯ ಚಿನ್ನ ಗೆದ್ದ. 1972ರ ಮ್ಯೂನಿಕ್ ಒಲಿಂಪಿಕ್ಸ್ ಹೊತ್ತಿಗೆ ಅಮೆರಿಕ ತಂಡದ ಸಹಾಯಕ ಕೋಚ್ ಆಗಿದ್ದ. ಆಮೇಲೆ ಮಿನೆಸೋಟದಲ್ಲಿ ಜಟ್ಟಿಯೂ ಕುಸ್ತಿ ಕಂಪನಿಯೊಂದರ ಒಡೆಯನೂ ಆದ ವರ್ನ್ ಗಾನ್ಯನ ಕೊಟ್ಟಿಗೆಯಂಥ ಶಿಬಿರದಲ್ಲಿ ವೃತ್ತಿ ಕುಸ್ತಿ ಕಲಿತ. ಮುಂದೆ ದೊಡ್ಡ ಹೆಸರು ಮಾಡಿದ ರಿಕ್ ಫ್ಲೇರ್ ಕೂಡ ಅದೇ ತಂಡದಲ್ಲಿದ್ದ.

ಗರಡಿಯ ಹುಡುಗರಿಗೆ ಆತ ಹಿಡಿಸಿದ್ದು ಇನ್ನೊಂದು ಕಾರಣಕ್ಕೆ. ಆತ ರಿಂಗಿಗೆ ಒಂದು ಜತೆ ಮೀಲ್ ತರುತ್ತಿದ್ದ. ಇರಾನಿನ ಗರಡಿಗಳಾದ ಝೂರ್‌ಖಾನೆಗಳಲ್ಲಿ ತಿರುಗಿಸುವ ಮರದ ಮುದ್ಗರಗಳು ಇವು. ತಾಕತ್ತಿದ್ದವರು ಬಂದು ತಿರುಗಿಸಿ ಎಂದು ಸವಾಲು ಹಾಕುತ್ತಿದ್ದ, ದಪ್ಪ ತೋಳಿನ ಜಟ್ಟಿಗಳೂ ತಿಣುಕಾಡುತ್ತಿದ್ದರು. ಇದರಲ್ಲಿ ಮೋಸವೇನೂ ಇಲ್ಲ. ಎರಡನ್ನೂ ಎದೆಯ ಮುಂದೆ ನೆಟ್ಟಗೆ ನಿಲ್ಲಿಸಿ ಹಿಡಿಯಬೇಕು. ಒಂದನ್ನು ಭುಜದ ಮೇಲಿಂದ ಬೆನ್ನ ಹಿಂದಕ್ಕೆ ಇಳಿಬಿಟ್ಟರೆ ಅದು ತನ್ನ ಭಾರಕ್ಕೆ ತಾನೇ ತೂಗುತ್ತದೆ. ಆ ತೂಗಿನ ಕೊನೆಯಲ್ಲಿ ಬೆನ್ನಿನ ಬಲದಿಂದ ಎಳೆದು ಮುಂದಕ್ಕೆ ತಂದು ನಿಲ್ಲಿಸಬೇಕು, ಅದು ನಿಂತ ಮೇಲೇ ಇನ್ನೊಂದು ಹೊರಡಬೇಕು. ಮೊಣಕೈ ಕಿವಿಯ ಹತ್ತಿರವೇ ಇರಬೇಕು. ಅದು ಪಕ್ಕಕ್ಕೆ ಅಗಲಿತೋ, ಭಾರವೆಲ್ಲ ಭುಜದ ಕೀಲಿಗೆ ಬೀಳುತ್ತದೆ. ಮಣಿಕಟ್ಟಿನಿಂದ ತಿರುಗಿಸಲು ಹೋದರೆ ಮುದ್ಗರ ಬೆನ್ನಿಗೇ ಬಡಿಯುತ್ತದೆ. ಭಾರ ಹೆಚ್ಚಾದರೆ ಸೊಂಟ ಹಿಂದಕ್ಕೆ ಬಾಗಿ ನಡು ಹಿಡಿದುಕೊಳ್ಳುತ್ತದೆ. ಹೊಸಬರು ಎರಡು ಕಿಲೋದ ಜತೆಯಿಂದ ಶುರುಮಾಡುವುದೇ ಸರಿ. ಜಿಮ್ಮಿನಲ್ಲಿ ನೂರು ಕಿಲೋ ಎತ್ತುವವನಿಗೂ ಈ ಮಾತು ತಪ್ಪದು, ಏಕೆಂದರೆ ಇಲ್ಲಿ ಬೇಕಾದದ್ದು ಎತ್ತುವ ಬಲವಲ್ಲ, ತೂಗನ್ನು ಸರಿಯಾದ ಹೊತ್ತಿಗೆ ತಡೆಯುವ ಬಲ.

1983ರಲ್ಲಿ ಚಾಂಪಿಯನ್ ಬಾಬ್ ಬ್ಯಾಕ್‌ಲಂಡ್ ಈ ಸವಾಲಿಗೆ ಒಪ್ಪಿ ಮೀಲ್ ತಿರುಗಿಸಿಯೂ ಬಿಟ್ಟ. ಶೀಕ್ ಹಿಂದಿನಿಂದ ಎರಗಿದ. ಬ್ಯಾಕ್‌ಲಂಡ್‌ನ ಕುತ್ತಿಗೆಗೆ ಪೆಟ್ಟಾಗಿದೆ ಎಂಬ ಕಥೆ ಅಲ್ಲಿಂದ ಬೆಳೆಯಿತು. ಡಿಸೆಂಬರ್ 26ರಂದು ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ಶೀಕ್ ಅವನಿಗೆ ಕ್ಯಾಮಲ್ ಕ್ಲಚ್ ಹಾಕಿದ.

ಈ ಪಟ್ಟನ್ನು ನಮ್ಮ ಹುಡುಗರು ಮ್ಯಾಟಿನ ಮೇಲೆ ಬಿಡಿಸಿ ಬಿಡಿಸಿ ನೋಡುತ್ತಿದ್ದರು. ಎದುರಾಳಿ ಬೋರಲು ಬಿದ್ದಿರಬೇಕು. ಅವನ ನಡುವಿನ ಮೇಲೆ ಕೂತು, ಅವನ ಎರಡೂ ತೋಳುಗಳನ್ನು ನಮ್ಮ ತೊಡೆಗಳ ಮೇಲೆ ಹಾಯಿಸಿ, ಗದ್ದದ ಕೆಳಗೆ ಬೆರಳು ಹೆಣೆದು ಹಿಂದಕ್ಕೆ ವಾಲಬೇಕು. ನೋಡುವವರಿಗೆ ಬೆನ್ನು ಮುರಿದಂತೆ ಕಾಣುತ್ತದೆ. ಪ್ರದರ್ಶನದಲ್ಲಿ ಹಾಕುವವನು ತನ್ನ ಭಾರವನ್ನು ತನ್ನ ಕಾಲುಗಳ ಮೇಲೇ ಹೊತ್ತಿರುತ್ತಾನೆ, ಕೈ ಗದ್ದವನ್ನು ಆನಿಸಿಕೊಂಡಿರುತ್ತದೆ ಅಷ್ಟೆ. ಅಂಗೈ ಜಾರಿ ಗಂಟಲಿಗೆ ಬಂದರೆ ಉಸಿರು ಕಟ್ಟುತ್ತದೆ. ಕಾಲು ಸೋತು ಪೂರ್ತಿ ಕೂತುಬಿಟ್ಟರೆ ಕೆಳಗಿರುವವನ ನಡುವಿಗೆ ನಿಜವಾಗಿಯೇ ಪೆಟ್ಟು. ಅಂದರೆ ನಿರ್ದಯಿಯಂತೆ ಕಾಣಬೇಕಾದವನೇ ಒಳಗೊಳಗೆ ಎಲ್ಲರಿಗಿಂತ ಹೆಚ್ಚು ಜೋಪಾನವಾಗಿರಬೇಕು.

ಬ್ಯಾಕ್‌ಲಂಡ್ ಸೋತೆ ಎನ್ನಲಿಲ್ಲ. ಅವನ ಪರವಾಗಿ ಸೋಲೊಪ್ಪಿ ಮ್ಯಾನೇಜರ್ ಆರ್ನಲ್ಡ್ ಸ್ಕಾಲೆಂಡ್ ರಿಂಗಿನೊಳಗೆ ಟವೆಲ್ ಎಸೆದ. 1978ರಿಂದ ಪಟ್ಟದಲ್ಲಿದ್ದವನ ಮಾನ ಉಳಿಯಿತು, ಶೀಕ್‌ಗೆ ಪಟ್ಟ ಸಿಕ್ಕಿತು. ಇಷ್ಟೆಲ್ಲ ಏಕೆಂದರೆ ಮುಂದಿನ ಚಾಂಪಿಯನ್ ಹಲ್ಕ್ ಹೋಗನ್ ಎಂದು ನಡೆಸುವವರು ಮೊದಲೇ ಗೊತ್ತುಮಾಡಿದ್ದರು. ಜನ ಮೆಚ್ಚಿದ ಇಬ್ಬರನ್ನು ಎದುರುಬದುರು ನಿಲ್ಲಿಸಿದರೆ ಒಬ್ಬನ ಹೆಸರು ಕೆಡುತ್ತದೆ. ನಡುವೆ ಒಬ್ಬ ಖಳ ಬೇಕು, ಅವರ ಭಾಷೆಯಲ್ಲಿ ‘ಹೀಲ್’. 1971ರಲ್ಲಿ ಐವಾನ್ ಕೊಲೋಫ್, 1973ರಲ್ಲಿ ಸ್ಟ್ಯಾನ್ ಸ್ಟೇಸಿಯಕ್ ಮಾಡಿದ್ದೂ ಇದೇ ಕೆಲಸ.

1984ರ ಜನವರಿ 23. ಅದೇ ಅಖಾಡ, ಆರು ನಿಮಿಷವೂ ಹಿಡಿಯದ ಪಂದ್ಯ. ಕ್ಯಾಮಲ್ ಕ್ಲಚ್ ಬಿತ್ತು. ಹೋಗನ್ ಶೀಕ್‌ನನ್ನು ಬೆನ್ನ ಮೇಲೆ ಹೊತ್ತೇ ಎದ್ದು ನಿಂತ, ಹಿಂದಕ್ಕೆ ನಡೆದು ಮೂಲೆಗೆ ಅಪ್ಪಳಿಸಿದ, ಬಿದ್ದವನ ಮೇಲೆ ಹಾರಿ ಕಾಲು ಕೆಡಹುವ ಲೆಗ್ ಡ್ರಾಪ್ ಹಾಕಿ ಗೆದ್ದ. ಇಪ್ಪತ್ತೆಂಟು ದಿನದ ಪಟ್ಟ ಮುಗಿಯಿತು. ನನ್ನ ಮಟ್ಟಿಗೆ ಆ ದಿನದ ದೊಡ್ಡ ಕೆಲಸಗಾರ ಶೀಕ್. ಆ ಪಟ್ಟಿನಿಂದ ಯಾರೂ ಪಾರಾಗಲಾರರೆಂದು ಜನರನ್ನು ನಂಬಿಸಿದ್ದು ಆತ, ಆ ನಂಬಿಕೆಯನ್ನೇ ಹೋಗನ್‌ಗೆ ಧಾರೆಯೆರೆದದ್ದೂ ಆತ. ಹೋಗನ್‌ನ ಕಾಲು ಮುರಿದರೆ ಒಂದು ಲಕ್ಷ ಡಾಲರ್ ಕೊಡುವುದಾಗಿ ಎದುರು ಕಂಪನಿಯ ಗಾನ್ಯ ಆಮಿಷ ಒಡ್ಡಿದ್ದನೆಂದು ಶೀಕ್ ಮುಂದೆ ಹೇಳಿಕೊಂಡಿದ್ದಾನೆ. ನಿಜವಾದ ಕುಸ್ತಿಯೇ ಆಗಿದ್ದರೆ ಮುರಿಯುವುದು ಆತನಿಗೆ ಕಷ್ಟವಿರಲಿಲ್ಲ. ಗದೆಯ ಅಭ್ಯಾಸದಲ್ಲಿ ಭೀಮನಿಗಿಂತ ದುರ್ಯೋಧನನೇ ಮಿಗಿಲು ಎಂಬುದು ನಮ್ಮ ಗರಡಿಗಳಲ್ಲಿ ಎಲ್ಲರಿಗೂ ಗೊತ್ತಿದ್ದ ಮಾತು.

ಹೀಲ್ ಮಾಡುವ ಕೆಲಸಕ್ಕೆ ಒಂದು ಕ್ರಮವಿದೆ. ಮೊದಲು ನಾಯಕನಿಗೆ ಮಿಂಚಲು ಬಿಡಬೇಕು. ಆಮೇಲೆ ಒಂದು ಮೋಸ ಮಾಡಿ ಆಟ ಕೈಗೆ ತೆಗೆದುಕೊಳ್ಳಬೇಕು. ಶೀಕ್ ತುದಿ ಮೇಲಕ್ಕೆ ಸುರುಳಿ ಸುತ್ತಿದ ಬೂಟು ತೊಡುತ್ತಿದ್ದ. ಒಳಗೆ ಏನನ್ನೋ ಬಚ್ಚಿಟ್ಟವನಂತೆ ಅದರ ಮೂತಿಯನ್ನು ನೆಲಕ್ಕೆ ಕುಟ್ಟಿ, ರೆಫರಿ ಮುಖ ತಿರುಗಿಸಿದಾಗ ಒದೆಯುತ್ತಿದ್ದ. ರೆಫರಿ ನೋಡಿಯೂ ಸುಮ್ಮನಿದ್ದರೆ ಜನರ ಸಿಟ್ಟು ರೆಫರಿಯ ಮೇಲೆ ಹರಿದು ಆಟ ಕೆಡುತ್ತದೆ, ಹಾಗಾಗಿ ಹೊತ್ತು ನೋಡಿಯೇ ಮೋಸ ಮಾಡಬೇಕು. ಅಂದಚಂದದ ಪಟ್ಟು ಹಾಕುವಂತಿಲ್ಲ, ಹಾಕಿದರೆ ಜನ ಖಳನಿಗೇ ಚಪ್ಪಾಳೆ ತಟ್ಟುತ್ತಾರೆ. ಇಷ್ಟು ಪಟ್ಟು ಬಲ್ಲವನು ಅವನ್ನೆಲ್ಲ ಅದುಮಿಟ್ಟುಕೊಂಡು ಒದೆ, ಉಗುಳು, ಬೈಗುಳದಲ್ಲೇ ಪಂದ್ಯ ಕಟ್ಟುತ್ತಿದ್ದ. ಟೆಹ್ರಾನಿನಲ್ಲಿ ಅಮೆರಿಕನ್ನರು 444 ದಿನ ಒತ್ತೆಯಾಳಾಗಿದ್ದ ನೆನಪು ಹಸಿಯಾಗಿದ್ದ ಕಾಲ, ಇರಾನಿನ ಬಾವುಟ ಹಿಡಿದು ಬಂದರೆ ಸಾಕಿತ್ತು, ಸಭಾಂಗಣ ಕುದಿಯುತ್ತಿತ್ತು.

1985ರ ಮಾರ್ಚ್ 31ರಂದು, ಡಬ್ಲ್ಯುಡಬ್ಲ್ಯುಎಫ್‌ನ ದೊಡ್ಡ ಜಾತ್ರೆಯಾದ ರೆಸಲ್‌ಮೇನಿಯಾದ ಮೊದಲ ಸಲದಲ್ಲಿ, ನಿಕೊಲಾಯ್ ವೋಲ್ಕೋಫ್ ಜತೆಗೂಡಿ ಜೋಡಿಗಳ ಪಟ್ಟ, ಅಂದರೆ ಟ್ಯಾಗ್ ಟೀಮ್ ಪಟ್ಟ ಗೆದ್ದ. ಮ್ಯಾನೇಜರ್ ಫ್ರೆಡ್ ಬ್ಲಾಸಿಯ ಊರುಗೋಲಿನಿಂದ ಎದುರಾಳಿ ಬ್ಯಾರಿ ವಿಂಡಮ್‌ಗೆ ಬಾರಿಸಿದ್ದೇ ಗೆಲುವಿನ ಗುಟ್ಟು. 1987ರ ಮೇ ತಿಂಗಳಲ್ಲಿ ನ್ಯೂಜೆರ್ಸಿಯ ಹೆದ್ದಾರಿಯಲ್ಲಿ ಮಾದಕ ವಸ್ತುವಿನ ಸಮೇತ ಪೊಲೀಸರ ಕೈಗೆ ಸಿಕ್ಕಿಬಿದ್ದ. ಅದಕ್ಕಿಂತ ದೊಡ್ಡ ಗುಲ್ಲೆದ್ದದ್ದು ಕಾರಿನಲ್ಲಿ ಜತೆಗಿದ್ದವನು ರಿಂಗಿನ ವೈರಿ ಜಿಮ್ ಡಗನ್ ಎಂಬ ಕಾರಣಕ್ಕೆ. ಇಬ್ಬರೂ ಕೆಲಸ ಕಳೆದುಕೊಂಡರು.

ನಮ್ಮ ಟಿ.ವಿ.ಗಳಲ್ಲಿ ಕಂಡದ್ದು ಆತನ ಎರಡನೆಯ ಸುತ್ತು. 1991ರಲ್ಲಿ ಇರಾಕ್ ಪರ ‘ಕರ್ನಲ್ ಮುಸ್ತಫಾ’ ಆಗಿ ಮರಳಿದ್ದ. ಇರಾನ್ ಮತ್ತು ಇರಾಕ್ ಎಂಟು ವರ್ಷ ಕಾದಾಡಿ ನಿಲ್ಲಿಸಿ ಇನ್ನೂ ಮೂರು ವರ್ಷವಾಗಿತ್ತಷ್ಟೆ. ಇರಾನಿನವನಿಗೆ ಆ ಸಮವಸ್ತ್ರ ತೊಡಿಸಿದ್ದು ನನಗೆ ಇವತ್ತಿಗೂ ಒಪ್ಪಿಗೆಯಾಗದ ಸಂಗತಿ.

ಮಂಡಿಗಳು ಆಗಲೇ ಸವೆಯತೊಡಗಿದ್ದವು. ರಿಂಗಿನ ನೆಲವೆಂದರೆ ಉಕ್ಕಿನ ತೊಲೆ, ಅದರ ಮೇಲೆ ಹಲಗೆ, ತೆಳು ಫೋಮು, ಕ್ಯಾನ್ವಾಸು. ಗದ್ದ ಎದೆಗೆ ಒತ್ತಿ, ಉಸಿರು ಬಿಟ್ಟು, ಬೆನ್ನಿನ ಮೇಲ್ಭಾಗ ಅಗಲವಾಗಿ ತಾಗುವಂತೆ ಬಿದ್ದರೆ ತಲೆ, ಮೊಣಕೈ ಉಳಿಯುತ್ತವೆ. ಮಂಡಿಗೆ ಅಂಥ ಉಪಾಯವಿಲ್ಲ. 2001ರ ರೆಸಲ್‌ಮೇನಿಯಾದಲ್ಲಿ ಹಳೆಯ ವೇಷಧಾರಿಗಳ ಬ್ಯಾಟಲ್ ರಾಯಲ್ ಏರ್ಪಾಡಾಯಿತು. ಮೇಲಿನ ಹಗ್ಗ ದಾಟಿ ಹೊರಗೆ ಬಿದ್ದವನು ಔಟ್. ಆ ಮಂಡಿಗಳಿಂದ ಶೀಕ್ ಹಗ್ಗ ದಾಟಿ ಬೀಳುವಂತೆಯೇ ಇರಲಿಲ್ಲ, ಆದ್ದರಿಂದ ಗೆಲುವು ಆತನಿಗೇ ಎಂದಾಯಿತು. ಗೆದ್ದ ಮೇಲೆ ಹಳೆಯ ವೈರಿ ಸಾರ್ಜೆಂಟ್ ಸ್ಲಾಟರ್ ಬಂದು ತನ್ನ ಪಟ್ಟಾದ ಕೋಬ್ರಾ ಕ್ಲಚ್ ಹಾಕಿದ. 2005ರಲ್ಲಿ ಹಾಲ್ ಆಫ್ ಫೇಮ್‌ಗೆ ಆತನನ್ನು ಬರಮಾಡಿಕೊಂಡವನೂ ಅದೇ ಸ್ಲಾಟರ್. 2023ರ ಜೂನ್ 7ರಂದು, 81ನೆಯ ವಯಸ್ಸಿನಲ್ಲಿ, ಜಾರ್ಜಿಯಾ ರಾಜ್ಯದ ಫಯೆಟ್‌ವಿಲ್‌ನಲ್ಲಿ ತೀರಿಕೊಂಡ.