ಸಬ್‌ಟೈಟಲ್ ಓದಿದ್ರೆ ಅರ್ಧ ಮಾತ್ರ

'ಟ್ವಿಂಕ್ಲಿಂಗ್ ವಾಟರ್‌ಮೆಲನ್' ಅನ್ನೋ ಕೊರಿಯನ್ ಧಾರಾವಾಹಿ (ಟಿವಿಎನ್ ವಾಹಿನಿ, 2023, 16 ಕಂತು) ನೋಡ್ತಿರೋರಿಗೆ ಒಂದು ಮಾತು. ಸನ್ನೆ ಭಾಷೆಯ ದೃಶ್ಯ ಬಂದಾಗ ಸಬ್‌ಟೈಟಲ್ ಓದಿ, ಆಮೇಲೆ ಹತ್ತು ಸೆಕೆಂಡ್ ಹಿಂದೆ ಹೋಗಿ ಹುಬ್ಬು, ಬಾಯಿ, ಹೆಗಲು ನೋಡಿ. 'ಹೌದಾ, ಅಲ್ವಾ' ಅನ್ನೋ ಪ್ರಶ್ನೆ ಇರೋದೇ ಹುಬ್ಬಿನಲ್ಲಿ. ಕೈ ಮಾತ್ರ ನೋಡಿದ್ರೆ ಅದು ಪ್ರಶ್ನೆಯೋ ಹೇಳಿಕೆಯೋ ಗೊತ್ತಾಗಲ್ಲ.

ಕಥಾನಾಯಕ ಉನ್‌ಗ್ಯೋಲ್‌ನ ಅಪ್ಪ, ಅಮ್ಮ, ಅಣ್ಣ ಮೂವರಿಗೂ ಕಿವಿ ಕೇಳಲ್ಲ. ಕೇಳಿಸೋದು ಅವನೊಬ್ಬನಿಗೇ, ಹಾಗಾಗಿ ಬಾಲ್ಯದಿಂದಲೇ ಮನೆಯ ದುಭಾಷಿ. ಎಷ್ಟು ಭಾರ ಅದು! ಆ ಹುಡುಗ 1995ಕ್ಕೆ ಹೋಗಿ ಬೀಳ್ತಾನೆ; ಅಲ್ಲಿ ಹರೆಯದ ಅಪ್ಪನಿಗೆ ಕಿವಿ ಚೆನ್ನಾಗೇ ಕೇಳುತ್ತೆ.

'ತುಟಿ ನೋಡಿ ತಿಳ್ಕೋಬಹುದಲ್ವಾ' ಅಂತೀರಾ? ಪ, ಬ, ಮ ಮೂರಕ್ಕೂ ತುಟಿ ಮುಚ್ಚೋದು ಒಂದೇ ಥರ. ಕ, ಗ ಹುಟ್ಟೋದು ಬಾಯಿಯ ಹಿಂಭಾಗದಲ್ಲಿ, ಹೊರಗೆ ಕಾಣೋದೇ ಕಷ್ಟ. ಮಾತಾಡೋರು ಮುಖ ತಿರುಗಿಸಿದ್ರೆ, ಬೆಳಕು ಅವರ ಬೆನ್ನಿಗಿದ್ರೆ ಅಷ್ಟೂ ಹೋಯ್ತು. ದಕ್ಷಿಣ ಕೊರಿಯಾದಲ್ಲಿ ಸನ್ನೆ ಭಾಷೆಗೆ ಕಾನೂನಿನ ಮಾನ್ಯತೆ ಸಿಕ್ಕಿದ್ದು 2016ರಲ್ಲಿ. 1995ರ ದೃಶ್ಯಗಳನ್ನ ಆ ಲೆಕ್ಕದಲ್ಲೇ ನೋಡಿ.

ಅಂದ ಹಾಗೆ, ಇದರಲ್ಲಿ ಕಲಿತ ಸನ್ನೆಗಳನ್ನ ಇಲ್ಲಿನ ಕಿವುಡರ ಹತ್ತಿರ ಪ್ರಯೋಗಿಸೋಕೆ ಹೋಗಬೇಡಿ. ಭಾರತೀಯ ಸನ್ನೆ ಭಾಷೆಯೇ ಬೇರೆ.